ತೊಳೆಯದ ಕೂದಲು

ಬಿಳಿಗುಡ್ಡ,
ಫೆಬ್ರವರಿ 31, 2318

ಅಣುಕೊಳ ಇರುವ ವಿಶ್ವವಿದ್ಯಾಲಯಗಳಲ್ಲಿ ಕಲಿಯುತ್ತಿರುವ ಮತ್ತು ಕಲಿಸುತ್ತಿರುವ ಎಲ್ಲ ಹಿರಿಯರಿಗೆ ಹುಲಿಗೆವ್ವ ಮಾಡುವ ನಮಸ್ಕಾರಗಳು.

ನಿಮ್ಮ ಫೆಬ್ರವರಿಯಲ್ಲಿ ಮೂವತ್ತೊಂದನೇ ತಾರೀಖು ಇರಲಿಲ್ಲವೆಂದು ಇಲ್ಲಿಯ ವಿದ್ಯಾರ್ಥಿಗಳು ಹೇಳಿದರು. ನಮ್ಮಲ್ಲಿ ಮೇ ತಿಂಗಳಲ್ಲಿ ಯಾರೂ ಹೊರಗೆ ನಿಂತು ಕೆಲಸ ಮಾಡಲಾಗುವುದಿಲ್ಲ. ಆದ್ದರಿಂದ ನನ್ನ ಮುತ್ತಜ್ಜಿಯ ಕಾಲದಲ್ಲಿ ಮೇ ತಿಂಗಳನ್ನು ಮೊಟಕು ಮಾಡಿ ಅದರ ದಿನಗಳನ್ನು ತಂಪು ತಿಂಗಳುಗಳಿಗೆ ಹಂಚಿದರಂತೆ. ಬಿಸಿಲು ಮಾತ್ರ ಹಂಚಿಕೆಯಾಗಲಿಲ್ಲ. ನಾನು ಓದಿದ್ದು ನಾಲ್ಕನೇ ತರಗತಿಯವರೆಗೆ. ನನ್ನ ಮಾತುಗಳಲ್ಲಿ ನಿಮಗೆ ಗೊತ್ತಿಲ್ಲದವು ಬಂದರೆ, ಗೊತ್ತಿರುವವೂ ಬೇರೆ ಅರ್ಥದಲ್ಲಿ ಬಂದರೆ ಕ್ಷಮಿಸಬೇಕು. ಈ ಪತ್ರ ಹಿಂದಿನ ಕಾಲಕ್ಕೆ ಹೇಗೆ ತಲುಪುತ್ತದೆ ಎಂದು ಸುಗಲಾಳನ್ನು ಕೇಳಿದೆ. ಅವಳು ಇಲ್ಲಿ ಕಲಿಯುವವಳು. ನೀನು ಬರಿ, ಮುಟ್ಟಿಸುವುದು ನಮ್ಮ ಕೆಲಸ ಎಂದಳು. ನನಗೆ ನಾಲ್ಕು ಜನರ ಮುಂದೆ ಮಾತು ಬರುವುದಿಲ್ಲ. ನೀವು ಮುನ್ನೂರು ವರ್ಷ ದೂರ ಇದ್ದೀರಿ, ಅದಕ್ಕೇ ಬರೆಯುವ ಧೈರ್ಯ ಬಂತು.

ಕೊಳವನ್ನು ಮೊದಲು ಕಟ್ಟಿದವರು ನಿಮ್ಮ ಕಾಲದವರು. ಆದರೂ ಅದು ನಮ್ಮಲ್ಲಿ ಹೇಗಿದೆ ಎಂದು ಹೇಳುತ್ತೇನೆ. ಗುಡ್ಡದ ಬಂಡೆ ಕೊರೆದು ಮಾಡಿದ ಆಳವಾದ ಸಿಮೆಂಟಿನ ಬಾವಿ. ತಳದಲ್ಲಿ ಇಂಧನದ ಕಡ್ಡಿಗಳು, ಅದರ ಮೇಲೆ ಮೂರು ಆಳುದ್ದ ತಿಳಿನೀರು. ಕೊಳ ನಡೆಯುವಾಗ ತಳದಿಂದ ನೀಲಿ ಬೆಳಕು ಏಳುತ್ತದೆ. ಇದರಿಂದ ಊರಿನ ದೀಪ ಉರಿಯುವುದಿಲ್ಲ, ಯಂತ್ರ ತಿರುಗುವುದಿಲ್ಲ. ಇದು ಕಲಿಯುವುದಕ್ಕೆ ಮತ್ತು ತಿಳಿಯುವುದಕ್ಕೆ ಇರುವ ಕೊಳ. ಹೊಸದಾಗಿ ಬಂದ ವಿದ್ಯಾರ್ಥಿಗಳು ಸರದಿಯಂತೆ ತಡೆಗಡ್ಡಿಗಳನ್ನು, ಅಂದರೆ ಕೊಳವನ್ನು ಹದ್ದುಬಸ್ತಿನಲ್ಲಿಡುವ ಕಡ್ಡಿಗಳನ್ನು, ಬೆರಳಗಲ ಬೆರಳಗಲ ಮೇಲೆತ್ತುತ್ತಾರೆ. ಒಬ್ಬರು ಎತ್ತಿದರೆ ಇನ್ನೊಬ್ಬರು ಅಳತೆಯ ಮುಳ್ಳು ಎಲ್ಲಿಗೆ ಏರಿತೆಂದು ಜೋರಾಗಿ ಹೇಳಬೇಕು. ಹೀಗೆ ಎತ್ತುವುದನ್ನೂ ಇಳಿಸುವುದನ್ನೂ ಕಲಿತ ಮೇಲೆಯೇ ಬೇರೆ ಪಾಠ. ಗಂಟಲ ಗಡ್ಡೆಗೆ ಕುಡಿಸುವ ಅಯೋಡಿನ್ ಮದ್ದು ಇಲ್ಲಿಂದಲೇ ಸೀಸದ ಡಬ್ಬಿಗಳಲ್ಲಿ ಆಸ್ಪತ್ರೆಗಳಿಗೆ ಹೋಗುತ್ತದೆ. ಹೊಲದ ಮಣ್ಣಿನಲ್ಲಿ ಯಾವ ವಿಷ ಸೇರಿದೆ, ನೆಲದಲ್ಲಿ ಸಿಕ್ಕ ಹಳೆಯ ಮಡಕೆಯ ಚೂರು ಯಾವ ಊರಿನ ಮಣ್ಣಿನದು ಎನ್ನುವುದನ್ನೂ ಕೊಳದಲ್ಲಿಯೇ ನೋಡುತ್ತಾರೆ.

ನೋಡುವ ಬಗೆ ಹೀಗೆ. ಪರೀಕ್ಷಿಸಬೇಕಾದ ಪದಾರ್ಥವನ್ನು ಚಿಟಿಕೆಯಷ್ಟು ಒಂದು ಪುಟ್ಟ ಡಬ್ಬಿಯಲ್ಲಿ ತುಂಬುತ್ತಾರೆ. ಆ ಡಬ್ಬಿಗೆ ಮೊಲ ಎಂದು ಹೆಸರು, ಏಕೆಂದರೆ ಅದು ಗಾಳಿಯ ಕೊಳವೆಯಲ್ಲಿ ಬಿಲ ಹೊಕ್ಕಂತೆ ಓಡಿ ಕೊಳದ ತಳ ಸೇರುತ್ತದೆ. ಅಲ್ಲಿ ಅದಕ್ಕೆ ಕಣಗಳ ಏಟು ಬೀಳುತ್ತದೆ. ಹೊರಗೆ ಬಂದ ಮೇಲೆ ಕೆಲವು ದಿನ ಆರಲು ಬಿಟ್ಟು, ಅದು ಬಿಡುವ ಕಿರಣಗಳನ್ನು ಯಂತ್ರದಲ್ಲಿ ಎಣಿಸುತ್ತಾರೆ. ಪಾದರಸಕ್ಕೆ ಒಂದು ಕಿರಣ, ಚಿನ್ನಕ್ಕೆ ಇನ್ನೊಂದು. ಒಂದೇ ಎಳೆ ಕೂದಲು ಸಾಕು, ಆ ಮನುಷ್ಯನ ಮೈಯಲ್ಲಿ ಏನೇನು ಸೇರಿತ್ತೆಂದು ಕೊಳ ಹೇಳುತ್ತದೆ.

ಇದೇ ಗುಣ ಕೊಳವನ್ನು ನಮ್ಮ ನ್ಯಾಯಾಧೀಶನನ್ನಾಗಿ ಮಾಡಿತು. ನೀರಿನ ಗಲಭೆಗಳಲ್ಲಿ ಕೋರ್ಟುಗಳು ಸುಟ್ಟುಹೋದವು. ಆಮೇಲೆ ಬಂದ ಪಂಚರು ಒಂದು ಕೊಡ ನೀರಿಗೆ ತೀರ್ಪು ಮಾರಿಕೊಂಡರು. ಕೊಳಕ್ಕೆ ಯಾರೂ ಲಂಚ ಕೊಡಲಾಗುವುದಿಲ್ಲ, ಅದಕ್ಕೆ ಜಾತಿ ಗೊತ್ತಿಲ್ಲ, ಅದು ಹೆದರುವುದಿಲ್ಲ ಎಂದು ಜನ ನಂಬಿದರು. ವಯಸ್ಸಾಗದೆ ಯಾರು ಸತ್ತರೂ ಅವರ ಕೂದಲು ಗುಡ್ಡ ಹತ್ತುತ್ತದೆ. ವಿಷ ಕಂಡಿತೆಂದರೆ, ಸತ್ತವಳು ಮದುವೆಯಾದ ಹೆಣ್ಣಾಗಿದ್ದರೆ, ಗಂಡನನ್ನೋ ಅತ್ತೆಯನ್ನೋ ಅವಳ ತವರಿಗೆ ಒಪ್ಪಿಸುತ್ತಾರೆ. ನ್ಯಾಯದ ಕಟ್ಟೆಯ ಮೇಲೆ ಎಲ್ಲರ ಎದುರಿಗೆ ಒಪ್ಪಿಸುವುದು, ತವರಿನವರು ಅಲ್ಲಿಯೇ ಕಲ್ಲಿನಿಂದ ಜೀವ ತೆಗೆಯುವುದು. ನಾನು ಚಿಕ್ಕವಳಾಗಿದ್ದಾಗ ಅಂಥದ್ದನ್ನು ನೋಡಿ ಮನೆಗೆ ಬಂದು ಊಟ ಮಾಡಿದ್ದೇನೆ. ಎಲ್ಲರೂ ಮಾಡುತ್ತಿದ್ದರು.

ಹೋದ ವರ್ಷ ನನ್ನ ಅಣ್ಣ ಯಮನೂರನ ಹೆಂಡತಿ ಬಾಳವ್ವ ತೀರಿಕೊಂಡಳು. ಹೊಟ್ಟೆನೋವು, ವಾಂತಿ, ಕೊನೆಗೆ ಮಾತು ನಿಂತಿತು. ನನಗೆ ತಾಯಿ ಇಲ್ಲ. ನನ್ನ ತಲೆ ಬಾಚಿದವಳು, ನಾಲ್ಕನೇ ತರಗತಿಯವರೆಗಾದರೂ ಶಾಲೆಗೆ ಕಳಿಸಿದವಳು ಅವಳೇ. ಮುತ್ತೈದೆಯಾಗಿ ಸತ್ತಳೆಂದು ತವರಿನಿಂದ ಅವಳ ಅಣ್ಣ ಕೆಂಚಪ್ಪ ಹಸಿರು ಸೀರೆ ಮತ್ತು ಕುಂಕುಮ ತಂದ. ನಮ್ಮಲ್ಲಿ ಅದು ತವರಿನ ಕೊನೆಯ ಉಡುಗೊರೆ. ಸ್ನಾನ ಮಾಡಿಸಿ ಕೂರಿಸಿದ ತಂಗಿಯ ಬೈತಲೆಗೆ ಅವನು ಮುಷ್ಟಿ ತುಂಬ ಕುಂಕುಮ ಸುರಿದ. ಕಣ್ಣೀರಿನಲ್ಲಿ ಅವನಿಗೆ ಅಳತೆ ತಿಳಿಯಲಿಲ್ಲ. ಆಮೇಲೆ ಪದ್ಧತಿಯಂತೆ ಎಲ್ಲರಿಗೂ ಕಾಣುವ ಹಾಗೆ ಮುಂದಲೆಯಿಂದಲೇ ಕೂದಲು ಕತ್ತರಿಸಿ ಗುಡ್ಡಕ್ಕೆ ಕಳಿಸಿದರು.

ಕೊಳದ ಮಾತು ಬಂದ ದಿನ ನಾವು ರೊಟ್ಟಿ ತಿನ್ನುತ್ತಿದ್ದೆವು. ಬಾಳವ್ವನ ಕೂದಲಿನ ಬುಡದಲ್ಲಿ ಪಾದರಸವಿದೆ, ತುದಿಯಲ್ಲಿಲ್ಲ. ಅಂದರೆ ಕೊನೆಯ ತಿಂಗಳಲ್ಲಿ ವಿಷ ಹಾಕಿದ್ದಾರೆ ಎಂದು ಡಂಗುರ ಹೊಡೆದರು. ಕೆಂಚಪ್ಪನೂ ಅವನ ದಾಯಾದಿಗಳೂ ಬಾಗಿಲು ಮುರಿದು ಒಳಗೆ ಬಂದರು. ಅಣ್ಣ ಎದ್ದು ನಿಲ್ಲುವ ಮೊದಲೇ ಒಬ್ಬ ಅವನ ಬಾಯಿಗೆ ಸನಿಕೆಯ ಹಿಡಿಯಿಂದ ಹೊಡೆದ. ಹಲ್ಲುಗಳು ತಟ್ಟೆಯ ಮೇಲೆ ಬಿದ್ದವು. ಕೆಂಚಪ್ಪ ಅವನ ಬಲಗೈಯನ್ನು ಹೊಸ್ತಿಲ ಮೇಲೆ ಇಡಿಸಿದ.

“ಈ ಕೈಲೇ ಉಣಿಸಿದಿಲ್ಲೋ ನನ್ನ ತಂಗಿಗೆ?” ಎಂದು ಮೆಲ್ಲಗೆ ಕೇಳಿದ. ಬೀಸುವ ಕಲ್ಲನ್ನು ಎತ್ತಿ ಬೆರಳುಗಳ ಮೇಲೆ ಹಾಕಿದ. ಆ ಸದ್ದನ್ನು ನಾನು ವರ್ಣಿಸುವುದಿಲ್ಲ. ಅಣ್ಣನನ್ನು ಕಾಲು ಹಿಡಿದು ಎಳೆದುಕೊಂಡು ಹೋಗಿ ಕಟ್ಟೆಯ ಕಂಬಕ್ಕೆ ಕಟ್ಟಿದರು. ಅಮಾವಾಸ್ಯೆಯ ದಿನ ಒಪ್ಪಿಸುವುದೆಂದು ನಿಶ್ಚಯವಾಯಿತು.

ಅಣ್ಣ ವಿಷ ಹಾಕಿಲ್ಲವೆಂದು ನನಗೆ ಗೊತ್ತಿತ್ತು. ನಾವು ಮೂವರೂ ಒಂದೇ ಗಡಿಗೆಯಲ್ಲಿ ಉಂಡವರು. ಕೊಳ ಸುಳ್ಳು ಹೇಳುವುದಿಲ್ಲ, ಅಣ್ಣನೂ ಸುಳ್ಳು ಹೇಳುವುದಿಲ್ಲ. ಇವೆರಡನ್ನೂ ತಲೆಯಲ್ಲಿಟ್ಟುಕೊಂಡು ನನಗೆ ಹುಚ್ಚು ಹಿಡಿಯುವುದೊಂದು ಬಾಕಿ ಇತ್ತು. ಆಗ ಗೋಡೆಯ ಸಂದಿನಲ್ಲಿ ಬಾಳವ್ವನ ಕೂದಲು ಕಂಡಿತು. ಬಾಚುವಾಗ ಉದುರಿದ್ದನ್ನು ಉಂಡೆ ಮಾಡಿ ಹೆಂಗಸರು ಸಂದಿಯಲ್ಲಿ ಸಿಕ್ಕಿಸಿಡುತ್ತಾರೆ, ಕೂದಲು ಕೊಳ್ಳುವವನು ಬಂದಾಗ ಕೊಟ್ಟು ಪಿನ್ನು, ಸೂಜಿ ತೆಗೆದುಕೊಳ್ಳುತ್ತಾರೆ. ನಿಮ್ಮಲ್ಲೂ ಹೀಗೇ ಇತ್ತೆಂದು ಕೇಳಿದ್ದೇನೆ. ಬಾಳವ್ವ ದಿನಾ ಬೈತಲೆಗೆ ಪೇಟೆಯ ಕುಂಕುಮ ಇಡುವವಳು; ಕಾಯಿಲೆಯ ದಿನಗಳಲ್ಲಿ ನಾನೇ ಬಾಚಿ ಇಟ್ಟ ಉಂಡೆ ಅದು. ಸೆರಗಿನಲ್ಲಿ ಕಟ್ಟಿಕೊಂಡು ಗುಡ್ಡ ಹತ್ತಿದೆ.

ಬಾಗಿಲಲ್ಲಿದ್ದ ವಿದ್ಯಾರ್ಥಿಗಳು ನಕ್ಕರು. ಒಬ್ಬ, ಕೂದಲು ಕೊಳ್ಳುವವನು ಆಚೆ ಓಣಿಯಲ್ಲಿದ್ದಾನೆ ಎಂದ. ನಾನು ಅಳುತ್ತ ನಿಂತೆ. ಸುಗಲಾ ಹೊರಗೆ ಬಂದು ನನ್ನನ್ನು ನೆರಳಿಗೆ ಕರೆದುಕೊಂಡು ಹೋದಳು. ಯಾರ ಕೂದಲು ಎಂದು ತಿಳಿದಾಗ ಅವಳ ಮುಖ ಕಪ್ಪಿಟ್ಟಿತು, ಏಕೆಂದರೆ ಬಾಳವ್ವನ ಮೊಲವನ್ನು ತುಂಬಿದವಳು ಅವಳೇ. ಕೂದಲು ಮಣ್ಣಾಗಿದ್ದರೆ ಏನು ಮಾಡುತ್ತೀರಿ, ನಾನು ಇದನ್ನು ತೊಳೆದು ತರಬೇಕಾಗಿತ್ತೇ ಎಂದು ಕೇಳಿದೆ. ಅದು ಹಾಗೆಯೇ ಕೇಳಿದ ಮಾತು, ಮಾಸಿದ ಕೂದಲು ತಂದವಳ ಸಂಕೋಚ. ಎಲ್ಲರ ಕೂದಲನ್ನೂ ಇಲ್ಲಿ ದ್ರಾವಣದಲ್ಲಿ ಮೂರು ಸಲ ತೊಳೆಯುತ್ತೇವೆ ಎಂದಳು. ನನ್ನ ಕೈಯ ಉಂಡೆಯನ್ನು ತೆಗೆದುಕೊಂಡು ನೋಡಿ ಮತ್ತೆ ಹೇಳಿದಳು.

“ಮುತ್ತೈದೇರದು ತೊಳ್ಯಂಗಿಲ್ಲಕ್ಕ. ನೆತ್ತಿ ಕುಂಕುಮ ತೊಳದ್ರ ಸತ್ತಾಕಿ ಮುತ್ತೈದಿತನ ಕಸಗೊಂಡಂಗ. ಅರಿವ್ಯಾಗ ಒತ್ತಿ, ಕೈ ಮುಗದು, ಹಂಗಾ ತುಂಬತೀವಿ. ನಮ್ಮ ಹಿಂದಿನೋರೂ ಹಂಗಾ ಮಾಡ್ಯಾರ.”

ಆ ಡಬ್ಬಿಗಳಿಗೆ ಅವರಲ್ಲಿ ಮುತ್ತೈದೆ ಮೊಲ ಎಂಬ ಹೆಸರೂ ಇತ್ತು. ಪುಸ್ತಕದಲ್ಲಿ ಎಲ್ಲ ಕೂದಲನ್ನೂ ತೊಳೆಯಬೇಕು ಎಂದಿದೆ. ಏಕೆ ತೊಳೆಯಬೇಕು ಎಂದು ಯಾರೂ ಹೇಳಿಕೊಟ್ಟಿರಲಿಲ್ಲ. ತೊಳೆಯುವುದು ಮಡಿಯ ಹಾಗೆ ಎಂದು ಅವರು ತಿಳಿದಿದ್ದರು. ಒಂದು ಮಡಿಗೆ ಇನ್ನೊಂದು ಮಡಿ ಅಡ್ಡ ಬಂದಾಗ ದೊಡ್ಡದನ್ನು ಪಾಲಿಸಿದರು.

ಸುಗಲಾ ನನ್ನ ಕೈ ಹಿಡಿದು ಬಡಿಗೇರ ಮೇಡಂ ಬಳಿಗೆ ಕರೆದೊಯ್ದಳು. ಈರಮ್ಮ ಬಡಿಗೇರ ಕೊಳಕ್ಕೆ ಹಿರಿಯ ಪ್ರಾಧ್ಯಾಪಕಿ. ಸಣಕಲು ಮೈ, ದೊಡ್ಡ ದನಿ, ಯಾವಾಗಲೂ ಕಿಸೆಯಲ್ಲಿ ಶೇಂಗಾ. ಕೊಳದ ಮಾತಿಗೆ ರುಜು ಹಾಕುವವರು ಅವರೇ. ಸುಗಲಾ ಹೇಳಿದ್ದನ್ನು ಕೇಳಿ ಅವರು ಬೈಯಲಿಲ್ಲ, ಕುರ್ಚಿಯ ತೋಳು ಹಿಡಿದು ಕೂತರು. ಅರಿಶಿನ ಬೆಳೆಯುವುದು ನಿಂತ ಮೇಲೆ ಪೇಟೆಯ ಕುಂಕುಮ ಎಲ್ಲವೂ ಇಂಗಳೀಕದ್ದು. ಇಂಗಳೀಕವೆಂದರೆ ಪಾದರಸದಿಂದ ಮಾಡುವ ಕೆಂಪು ಪುಡಿ. ಅದು ಅವರಿಗೂ ಗೊತ್ತಿತ್ತು, ಸುಗಲಾಳಿಗೂ ಗೊತ್ತಿತ್ತು, ಆದರೆ ತೊಳೆಯುವುದಕ್ಕೂ ಅದಕ್ಕೂ ಸುಗಲಾ ಸಂಬಂಧ ಕಟ್ಟಿರಲಿಲ್ಲ. ತೊಳೆಯದೆ ಇರುವುದು ಮೇಡಂಗೆ ಗೊತ್ತಿರಲಿಲ್ಲ, ಅಷ್ಟೇ. ಉಂಡೆಯನ್ನು ಎರಡು ಪಾಲು ಮಾಡಿ, ಒಂದನ್ನು ತೊಳೆದು ಒಂದನ್ನು ಹಾಗೆಯೇ ಕೊಳಕ್ಕೆ ಕಳಿಸಿದರು. ಆರುವ ತನಕ ಕಾಯಬೇಕು, ಅವಸರ ಮಾಡಿದರೆ ಕಿರಣಗಳು ಒಂದರ ಮೇಲೊಂದು ಬಿದ್ದು ಗುರುತು ತಪ್ಪುತ್ತದೆ ಎಂದರು. ಆ ದಿನಗಳಲ್ಲಿ ನಾನು ಕಟ್ಟೆಗೂ ಗುಡ್ಡಕ್ಕೂ ನಡೆದೆ. ಅಣ್ಣನ ಕೈಗೆ ಹುಳ ಬಿದ್ದಿತ್ತು. ನೀರು ಕೊಡಲು ಹೋದರೆ ಕೆಂಚಪ್ಪನ ಕಡೆಯವರು ಲೋಟ ಕಸಿದು ಅವನ ಕಣ್ಣೆದುರಿಗೇ ನೆಲಕ್ಕೆ ಸುರಿದರು.

ಅಮಾವಾಸ್ಯೆಯ ಬೆಳಿಗ್ಗೆ ಉತ್ತರ ಬಂತು. ತೊಳೆಯದ ಕೂದಲಿನಲ್ಲಿ ಪಾದರಸ ಇತ್ತು. ತೊಳೆದದ್ದರಲ್ಲಿ ಏನೂ ಇರಲಿಲ್ಲ.

ಕುಲಪತಿಗಳು ಒಂದು ದಾರಿ ಹೇಳಿದರು. ಡಬ್ಬಿ ಅದಲುಬದಲಾಯಿತು, ಇದೊಂದೇ ತಪ್ಪು ಎಂದರೆ ಸಾಕು. ಹುಡುಗನೂ ಉಳಿಯುತ್ತಾನೆ, ಕೊಳವೂ ಉಳಿಯುತ್ತದೆ. ಹಳೆಯದನ್ನು ಕೆದಕಿದರೆ ಎಷ್ಟು ಮನೆಗಳು ಎದ್ದು ಬರುತ್ತವೆ ಎಂದು ಯೋಚಿಸಿ ಎಂದರು. ನಾನು ಮೇಡಂ ಕಾಲು ಹಿಡಿದು, ಹಾಗೇ ಹೇಳಿ ಎಂದು ಬೇಡಿಕೊಂಡೆ. ನನಗೆ ಬೇಕಾಗಿದ್ದು ಅಣ್ಣ. ಮೇಡಂ ಏನೂ ಮಾತು ಕೊಡಲಿಲ್ಲ. ಹೊರಡುವ ಮೊದಲು ಸುಗಲಾಳಿಗೆ, ಕೊಳದ ಬಳಿಯೇ ಇರು, ಜನ ಗುಡ್ಡ ಹತ್ತುವುದು ಕಂಡರೆ ಯಾರನ್ನೂ ಕೇಳದೆ ತಡೆಗಡ್ಡಿಗಳನ್ನು ಬೀಳಿಸಿ ಕೊಳ ನಿಲ್ಲಿಸು ಎಂದಷ್ಟೇ ಹೇಳಿದರು.

ಕಟ್ಟೆಯ ಸುತ್ತ ಊರೆಲ್ಲ ಸೇರಿತ್ತು. ಕಲ್ಲುಗಳ ರಾಶಿ ಸಿದ್ಧವಾಗಿತ್ತು. ಮೇಡಂ ಮೆಟ್ಟಿಲು ಹತ್ತಿ, ಈ ಕೂದಲನ್ನು ತೊಳೆಯದೆ ನೋಡಿದ್ದೇವೆ, ಪಾದರಸ ಕುಂಕುಮದ್ದು, ಯಮನೂರ ನಿರಪರಾಧಿ ಎಂದರು. ಕೆಂಚಪ್ಪನ ಕೈಯಲ್ಲಿ ಮೊದಲ ಕಲ್ಲು ಇತ್ತು. ತವರಿನವರ ಪೈಕಿ ಮೊದಲ ಕಲ್ಲು ಸತ್ತವಳ ಅಣ್ಣನದು.

“ಕುಂಕುಮ ನಾ ಒಯ್ದದ್ದರೀ” ಎಂದ.

ಹೌದು ಎಂದರು ಮೇಡಂ, ನಿನ್ನ ತಪ್ಪಲ್ಲ, ನಾವು ತೊಳೆಯಬೇಕಾಗಿತ್ತು ಎಂದರು. ಕೆಂಚಪ್ಪ ನನ್ನ ಅಣ್ಣನ ಜಜ್ಜಿದ ಕೈಯನ್ನೇ ನೋಡುತ್ತ ನಿಂತ. ಆಮೇಲೆ ಕಲ್ಲು ಕೆಳಗಿಟ್ಟು, ತಾನೇ ಹೋಗಿ ಹಗ್ಗ ಬಿಚ್ಚಿದ. ಅಣ್ಣ ನನ್ನ ಮೇಲೆ ಕುಸಿದ. ಅಲ್ಲಿಗೆ ಮುಗಿದಿತ್ತು. ಮೇಡಂ ಮೆಟ್ಟಿಲು ಇಳಿದಿದ್ದರೆ ಮುಗಿದಿತ್ತು.

ಗುಂಪಿನಿಂದ ಸಂಕವ್ವ ಎಂಬ ಮುದುಕಿ ಮುಂದೆ ಬಂದಳು. ಅವಳ ಒಬ್ಬನೇ ಮಗನನ್ನು ಇದೇ ಕಟ್ಟೆಯ ಮೇಲೆ ಸೊಸೆಯ ತವರಿಗೆ ಒಪ್ಪಿಸಿದ್ದರು.

“ನನ್ನ ಸೊಸೀದು ತೊಳದಿದ್ದಿರೇನವ್ವಾ?” ಎಂದು ಕೇಳಿದಳು.

ಮೇಡಂ ನನ್ನ ಕಡೆ ನೋಡಿದರು. ನಾನು ತಲೆ ಅಲ್ಲಾಡಿಸಿದೆ, ಹೇಳಬೇಡಿ ಎಂದು.

“ಇಲ್ಲವ್ವಾ” ಎಂದರು. “ಯಾವ ಮುತ್ತೈದೀದೂ ತೊಳದಿಲ್ಲ. ಭಾಳ ವರ್ಷ ಆತು.”

ಸಂಕವ್ವ ಊರುಗೋಲಿನಿಂದ ಮೇಡಂ ಮುಖಕ್ಕೆ ಹೊಡೆದಳು, ಹೊಡೆದು ಅಲ್ಲಿಯೇ ಕೂತು ಎದೆ ಬಡಿದುಕೊಂಡಳು. ಅಷ್ಟಕ್ಕೇ ನಿಂತಿದ್ದರೆ ಮೇಡಂ ಬದುಕುತ್ತಿದ್ದರು. ಆದರೆ ಅವಳ ಹಿಂದೆ ಬಂದವರು ಮಕ್ಕಳನ್ನು ಕಳೆದುಕೊಂಡವರಲ್ಲ. ಒಪ್ಪಿಸಿಕೊಂಡು ಕೊಂದವರು. ಸಂಕವ್ವನ ಬೀಗರು, ಅವರ ಮಕ್ಕಳು, ಇಂಥ ಎಷ್ಟೋ ತವರುಗಳ ಅಣ್ಣತಮ್ಮಂದಿರು. ನಿರಪರಾಧಿಗಳನ್ನು ಕೊಂದಿದ್ದೀರಿ ಎಂದು ಎಲ್ಲರ ಎದುರಿಗೆ ಕೇಳಿಸಿಕೊಂಡವರು. ಅಣ್ಣನಿಗೆಂದು ತಂದ ಕಲ್ಲುಗಳನ್ನು ಅವರು ಎತ್ತಿಕೊಂಡರು. ಮೊದಲಿನ ಕಲ್ಲು ಮೇಡಂ ಕಿವಿಗೆ ಬಿತ್ತು, ಎರಡನೆಯದು ಮೊಣಕಾಲಿಗೆ. ಬಿದ್ದ ಮೇಲೆ ಹತ್ತಿರ ಹೋಗಿ ಹೊಡೆದರು. ಅಣ್ಣ ನನ್ನ ತೋಳಿನಿಂದ ಜಾರಿ ತೆವಳಿಕೊಂಡು ಹೋಗಿ ಅವರ ಮೇಲೆ ಅಡ್ಡ ಮಲಗಿದ. ಅವನನ್ನು ಒದ್ದು ಉರುಳಿಸಿದರು. ಕೆಂಚಪ್ಪ ಇಬ್ಬರು ಮೂವರನ್ನು ಹಿಡಿದು ಎಳೆದ, ಅವನ ತಲೆಯೂ ಒಡೆಯಿತು. ಕಟ್ಟೆಯ ಕಲ್ಲಿನ ಮೇಲೆ ರಕ್ತ ಬಿಸಿಲಿಗೆ ಬೇಗ ಕಪ್ಪಾಯಿತು. ಒಂದಿಷ್ಟು ಶೇಂಗಾ ಚೆಲ್ಲಿತ್ತು. ಅದನ್ನು ತುಳಿದುಕೊಂಡು ಜನ ಗುಡ್ಡದ ಕಡೆ ಓಡಿದರು.

ಸುಗಲಾ ತಡೆಗಡ್ಡಿಗಳನ್ನು ಬೀಳಿಸಿದಳು. ನೀಲಿ ಬೆಳಕು ಕುಗ್ಗುತ್ತ ಹೋದಾಗ ಅವಳ ಜೊತೆಗಿದ್ದವರು ಬಾಗಿಲಿಗೆ ಮೇಜುಗಳನ್ನು ಒಟ್ಟಿದರಂತೆ. ಜನ ಪಾಠದ ಕೋಣೆಗಳಿಗೆ ಬೆಂಕಿ ಇಟ್ಟರು. ಎಣಿಸುವ ಯಂತ್ರಗಳನ್ನು ಹಾರೆಯಿಂದ ಒಡೆದರು. ನನ್ನನ್ನು ನೋಡಿ ನಕ್ಕಿದ್ದ ಹುಡುಗನನ್ನು ಮಾಳಿಗೆಯಿಂದ ನೂಕಿದರು, ಅವನು ಮತ್ತೆ ಏಳಲಿಲ್ಲ. ಕೊಳದ ಗೋಡೆ ದಪ್ಪ, ಅದನ್ನು ಏನೂ ಮಾಡಲಾಗಲಿಲ್ಲ. ನೀರಿಗೆ ಕಲ್ಲು ಎಸೆದರು, ಉಗುಳಿದರು. ಸಂಜೆಗೆ ದಣಿದು ಇಳಿದರು. ಆಮೇಲಿನ ತಿಂಗಳುಗಳಲ್ಲಿ ಅಯೋಡಿನ್ ಮದ್ದು ಇಲ್ಲದೆ ಆಸ್ಪತ್ರೆಯಲ್ಲಿ ಸತ್ತವರು ಆ ದಿನ ಸತ್ತವರಿಗಿಂತ ಹೆಚ್ಚು. ಅವರಿಗಾಗಿ ಯಾರೂ ಕಲ್ಲು ಎತ್ತಲಿಲ್ಲ.

ಬಾಳವ್ವ ಏಕೆ ಸತ್ತಳೆಂದು ನಮಗೆ ಇಂದಿಗೂ ಗೊತ್ತಿಲ್ಲ. ಅಣ್ಣ ಎಡಗೈಯಲ್ಲಿ ಉಣ್ಣಲು ಕಲಿತಿದ್ದಾನೆ. ಈಗ ಯಾರನ್ನೂ ತವರಿಗೆ ಒಪ್ಪಿಸುವುದಿಲ್ಲ. ಜನ ಒಳ್ಳೆಯವರಾದರು ಎಂದಲ್ಲ. ಒಪ್ಪಿಸುವ ಮಾತು ತೆಗೆದರೆ ಹಳೆಯ ಹೆಸರುಗಳು ಹೊರಗೆ ಬರುತ್ತವೆ ಎಂಬ ಹೆದರಿಕೆ.

ಈ ಜನವರಿಯಲ್ಲಿ ಕೊಳ ಮತ್ತೆ ಶುರುವಾಯಿತು. ನಾನು ಇಲ್ಲಿ ಗಾಜಿನ ಸಾಮಾನು ತೊಳೆಯುವ ಕೆಲಸಕ್ಕೆ ಸೇರಿದ್ದೇನೆ. ಸುಗಲಾ ಹೊಸಬರಿಗೆ ಒಂದು ಪಾಠ ಹಾಕಿಕೊಂಡಿದ್ದಾಳೆ. ಹುಡುಗನಾಗಲಿ ಹುಡುಗಿಯಾಗಲಿ, ತಡೆಗಡ್ಡಿ ಮುಟ್ಟುವ ಮೊದಲು ತಮ್ಮ ನೆತ್ತಿಗೆ ಪೇಟೆಯ ಕುಂಕುಮ ಹಚ್ಚಿಕೊಂಡು, ಒಂದೆಳೆ ಕೂದಲು ಕತ್ತರಿಸಿ, ತೊಳೆಯದೆ ಕೊಳಕ್ಕೆ ಕಳಿಸಬೇಕು. ಉತ್ತರ ಬಂದಾಗ ಅದನ್ನು ಎಲ್ಲರ ಮುಂದೆ ತಾವೇ ಓದಬೇಕು. ನನಗೆ ವಿಷ ಹಾಕಿದ್ದಾರೆ, ಹಾಕಿದವರು ನಮ್ಮ ಮನೆಯವರು ಎಂದು. ಸುಗಲಾ ಮೊದಲು ತನ್ನದನ್ನೇ ಓದಿದಳು. ನನಗಿನ್ನೂ ಲಗ್ನವಾಗಿಲ್ಲ, ಯಾರನ್ನು ಒಪ್ಪಿಸುತ್ತೀರಿ ಎಂದು ಕೇಳಿದಾಗ ಹುಡುಗರು ನಕ್ಕರು. ಒಬ್ಬ ಹುಡುಗ ಮಾತ್ರ ತನ್ನ ಚೀಟಿಯನ್ನು ಅರ್ಧ ಓದಿ ನಿಲ್ಲಿಸಿದ. ಅವನ ಅಜ್ಜಿಯನ್ನು ಒಪ್ಪಿಸಿದ್ದರು. ಅವನು ಹೊರಗೆ ಹೋಗಿ ಮುಖ ತೊಳೆದುಕೊಂಡು ಬಂದು ಮತ್ತೆ ಮೊದಲಿನಿಂದ ಓದಿದ.

ನನ್ನ ಬೇಡಿಕೆ ಇಷ್ಟೇ. ಈ ಪಾಠವನ್ನು ನೀವು ಈಗಲೇ ಶುರು ಮಾಡಿರಿ. ಕುಂಕುಮವೇ ಆಗಬೇಕೆಂದಿಲ್ಲ. ನಿಮ್ಮ ಕಾಲದಲ್ಲಿ ಜನ ತಲೆಗೆ ಏನು ಹಚ್ಚುತ್ತಾರೋ, ಯಾವುದನ್ನು ತೊಳೆಯಲು ಅವರಿಗೆ ಕೈ ಬರುವುದಿಲ್ಲವೋ ಅದು. ಕಲಿಯಲು ಬಂದ ಮಕ್ಕಳಿಂದ ಅವರದೇ ಸುಳ್ಳು ಸಾವನ್ನು ಒಮ್ಮೆ ಓದಿಸಿರಿ. ನೀವು ಶುರು ಮಾಡಿದರೆ ಬಡಿಗೇರ ಮೇಡಂ ಕಲಿಯಲು ಬರುವ ಹೊತ್ತಿಗೆ ಅದು ಮುನ್ನೂರು ವರ್ಷದ ಹಳೆಯ ಪದ್ಧತಿಯಾಗಿರುತ್ತದೆ. ನಮ್ಮ ಜನ ಹಳೆಯ ಪದ್ಧತಿಯನ್ನು ಬಿಡುವುದಿಲ್ಲ.

ಹಾಗಾದರೆ ಈ ಪತ್ರ ಬರೆಯುವ ಪ್ರಸಂಗವೇ ನನಗೆ ಬರುವುದಿಲ್ಲ ಎಂದು ಸುಗಲಾ ಹೇಳುತ್ತಾಳೆ. ನಾವಿಬ್ಬರೂ ಒಬ್ಬರನ್ನೊಬ್ಬರು ನೋಡಿಯೂ ಇರುವುದಿಲ್ಲವಂತೆ. ಅವಳನ್ನು ಬಿಟ್ಟರೆ ನನಗೆ ಗೆಳತಿಯರಿಲ್ಲ. ಆದರೂ ಶುರು ಮಾಡಿರಿ.

ಇಂತಿ,
ಹುಲಿಗೆವ್ವ